ಓಡುವ ಕ್ಯಾಮೆರಾ ಬಿಡಬಾರದು

ಮದುವೆ ಶೂಟಿಂಗಿಗೆ ಹೊಸದಾಗಿ ಇಳಿದ ಹುಡುಗರು ಆಗಾಗ ನನ್ನ ಮನೆಗೆ ಬರುತ್ತಾರೆ. ಬಗಲಲ್ಲಿ ಡ್ರೋನಿನ ಪೆಟ್ಟಿಗೆ, ಕೊರಳಲ್ಲಿ ನನ್ನ ಅಂಗೈಯಷ್ಟು ಕ್ಯಾಮೆರಾ. "ಕಾಕಾ, ನಿಮ್ಮ ಕಾಲದಾಗ ಹೆಂಗಿತ್ರಿ?" ಎಂದು ಕೇಳುತ್ತಾರೆ. ನಾನು ಬಾಯಿ ತೆರೆಯುವಷ್ಟರಲ್ಲಿ ಮೊಬೈಲಿನೊಳಗೆ ಹೊಕ್ಕಿರುತ್ತಾರೆ. ಅದಕ್ಕೇ ಬರೆದಿಡುತ್ತಿದ್ದೇನೆ. ಓದುವವರು ನಡುವೆ ಎದ್ದು ಹೋದರೂ ನನಗೆ ಗೊತ್ತಾಗುವುದಿಲ್ಲ, ಸಿಟ್ಟೂ ಬರುವುದಿಲ್ಲ.

ನನ್ನ ಹೆಸರು ದತ್ತು. ನಿಪ್ಪಾಣಿಯಲ್ಲಿ ಕೆಲಸ ಕಲಿತೆ, ಆಮೇಲೆ ಚಿಕ್ಕೋಡಿಯಲ್ಲಿ ಸ್ವಂತ ಸ್ಟುಡಿಯೊ ಇಟ್ಟೆ. ರಾಯಬಾಗದಿಂದ ಕಾಗವಾಡದವರೆಗೆ ನಾನು ಹೆಗಲ ಮೇಲೆ ಕ್ಯಾಮೆರಾ ಹೊತ್ತು ನಿಲ್ಲದ ಮಂಗಲ ಕಾರ್ಯಾಲಯ ಇಲ್ಲ. ಬಲಗಡೆಯ ಭುಜ ಎಡಗಡೆಯದಕ್ಕಿಂತ ಇಳಿದಿದೆ. ದರ್ಜಿ ಅಂಗಿಯ ಅಳತೆ ತೆಗೆಯುವಾಗೆಲ್ಲ "ನೆಟ್ಟಗ ನಿಂದರ್ರಿ" ಎನ್ನುತ್ತಾನೆ. ನಾನು ನೆಟ್ಟಗೇ ನಿಂತಿರುತ್ತೇನೆ.

ನನ್ನ ಗುರು ನಿಪ್ಪಾಣಿಯ ಗೌಸ್‌ಮಾಮಾ. ಸುತ್ತ ಹತ್ತೂರಿನಲ್ಲಿ ವಿಡಿಯೊ ಕ್ಯಾಮೆರಾ ಇದ್ದದ್ದು ಅವರೊಬ್ಬರ ಹತ್ತಿರ. ಬಯ್ಯುವುದರಲ್ಲಿ ಎತ್ತಿದ ಕೈ. ನನ್ನನ್ನು ಬಯ್ಯುವಾಗ ಕನ್ನಡ, ಗಿರಾಕಿಗಳನ್ನು ಬಯ್ಯುವಾಗ ಮರಾಠಿ, ತನ್ನ ನಸೀಬನ್ನು ಬಯ್ಯುವಾಗ ಉರ್ದು. ಒಮ್ಮೆ ರಾಯಬಾಗದ ಕಡೆ ಒಂದು ಮದುವೆಯಲ್ಲಿ ಅಡಿಗೆಯ ಒಲೆಯ ಕಿಡಿ ಹಾರಿ ಚಪ್ಪರಕ್ಕೆ ಬೆಂಕಿ ಹತ್ತಿತು. ಬೀಗರು, ಭಟ್ಟರು, ಬ್ಯಾಂಡಿನವರು ಎಲ್ಲ ಎದ್ದೆನೋ ಬಿದ್ದೆನೋ ಎಂದು ಓಡಿದರು. ನಾನೂ ಓಡಿದೆ. ಗೌಸ್‌ಮಾಮಾ ಮಾತ್ರ ನಿಂತಲ್ಲೇ ನಿಂತು ಬೆಂಕಿಯನ್ನು ಶೂಟ್ ಮಾಡುತ್ತಿದ್ದರು. ಆಮೇಲೆ ನನ್ನ ಕಿವಿ ಹಿಂಡಿ ಹೇಳಿದರು: "ಬೇಟಾ, ಮಂದಿ ಓಡಲಿ, ನೀ ಓಡಬ್ಯಾಡ. ಓಡೂ ಕ್ಯಾಮೆರಾ ಬಿಟ್ಟು ಹೋದಾಂವ ಹೆಂಡತಿ ಬಿಟ್ಟಾಂವಗಿಂತ ಕಡಿಮಿ." ಇದೇ ನಮ್ಮ ಕಸುಬಿನ ಮೊದಲ ಪಾಠ. ನಾನು ಅದನ್ನು ಮಂತ್ರದಂತೆ ಪಾಲಿಸಿದೆ.

ಯಾಕೆ ಪಾಲಿಸಬೇಕು ಎಂಬುದನ್ನೂ ಹೇಳಿಬಿಡುತ್ತೇನೆ. ನಮ್ಮ ಗಡಿ ಸೀಮೆಯ ಮದುವೆಯಲ್ಲಿ ವಧು ವರರ ನಡುವೆ ಅಂತರಪಟ ಹಿಡಿಯುತ್ತಾರೆ. ಮಂಗಲಾಷ್ಟಕ ಮುಗಿಯುವವರೆಗೆ ಆ ಬಟ್ಟೆ ಇರುತ್ತದೆ. ಕೊನೆಯ "ಸಾವಧಾನ" ಎಂದದ್ದೇ ತಡ, ಪಟ ಸರಿಯುತ್ತದೆ, ಅಕ್ಷತೆ ಬೀಳುತ್ತದೆ, ಅವರಿಬ್ಬರೂ ಒಬ್ಬರ ಮುಖ ಒಬ್ಬರು ನೋಡುತ್ತಾರೆ. ಕಣ್ಣು ಮಿಟುಕಿಸುವಷ್ಟು ಹೊತ್ತು. ಆ ಹೊತ್ತಿಗೆ ನಿನಗೆ ಸೀನು ಬಂದರೆ, ಯಾರೋ ಕರೆದರೆ, ನೀನು ತಿರುಗಿದರೆ, ಮುಗಿಯಿತು. ಇನ್ನೊಮ್ಮೆ ಮದುವೆಯಾಗಿ ಎಂದು ಕೇಳಲಾಗುತ್ತದೆಯೇ?

ನಾನು ಮಾಡಿದ ದೊಡ್ಡ ಎಡವಟ್ಟು ಐನಾಪುರದ್ದು. ಸಾಮೂಹಿಕ ವಿವಾಹ. ಸಾಲಾಗಿ ಮದುಮಕ್ಕಳು, ಎಲ್ಲರ ಮುಖದ ಮೇಲೂ ಬಾಸಿಂಗದ ಮುತ್ತಿನ ಎಳೆ ಇಳಿಬಿದ್ದಿದೆ, ಎಲ್ಲರಿಗೂ ಒಂದೇ ಬಣ್ಣದ ಫೇಟಾ. ನಾನು ಮುಂಜಾನೆಯಿಂದ ಒಬ್ಬ ವರನ ಬೆನ್ನು ಹತ್ತಿದೆ. ಅರಿಸಿನ, ಮೆರವಣಿಗೆ, ಅಕ್ಷತೆ, ಊಟ, ಒಂದೂ ಬಿಡಲಿಲ್ಲ. ಆ ವರನೂ ಖುಷಿಯಿಂದ ಕ್ಯಾಮೆರಾ ನೋಡಿ ನಕ್ಕ. ಸಂಜೆ ನಮ್ಮ ಗಿರಾಕಿ ಬಂದು, "ನಮ್ಮ ಹುಡುಗನ್ನ ಯಾವಾಗ ತಗೀತೀರಿ?" ಎಂದು ಕೇಳಿದಾಗಲೇ ನಾನು ಬೇರೆ ಯಾರದೋ ವರನ ಬೆನ್ನು ಹತ್ತಿದ್ದು ಗೊತ್ತಾಯಿತು. ಬಾಸಿಂಗ ಕಟ್ಟಿದ ಮೇಲೆ ಮುಖ ನೋಡಬೇಡಿ, ಕಾಲಿನ ಚಪ್ಪಲಿ ಗುರುತಿಟ್ಟುಕೊಳ್ಳಿ. ಇದು ಎರಡನೆಯ ಪಾಠ.

ಆಗೆಲ್ಲ ಶೂಟಿಂಗ್ ಒಂದು ದಿನ, ಮಿಕ್ಸಿಂಗ್ ಒಂದು ವಾರ. ಮಿಕ್ಸಿಂಗ್ ಎಂದರೆ ಕತ್ತರಿಸಿ ಜೋಡಿಸಿ ಹಾಡು ಹಾಕುವುದು. ಕತ್ತಲೆ ಕೋಣೆಯಲ್ಲಿ ಕೂತು ಯಾರದೋ ಮಗಳು ಅಳುವುದನ್ನು ಹತ್ತು ಸಲ ಹಿಂದೆ ಮುಂದೆ ಓಡಿಸಿ ನೋಡುತ್ತಿದ್ದೆ. ಅವಳ ಮೂಗುತಿ, ಅವಳ ಸೋದರಮಾವನ ಕೆಮ್ಮು, ಎಲ್ಲ ಬಾಯಿಪಾಠ. ಒಮ್ಮೆ ಚಿಕ್ಕೋಡಿ ಬಸ್‌ಸ್ಟ್ಯಾಂಡಿನಲ್ಲಿ ಶೇಡಬಾಳದ ಒಬ್ಬ ಹುಡುಗಿ ಗಂಡನ ಜೊತೆ ನಿಂತಿದ್ದಳು. ನಾನು ಹೋಗಿ, "ಆರಾಮ ಅದೀಯೇನವ್ವಾ? ಮಾವನ ಕೆಮ್ಮು ಹೆಂಗೈತಿ?" ಎಂದು ಕೇಳಿಯೇಬಿಟ್ಟೆ. ಅವಳು ಗಂಡನ ಹಿಂದೆ ಸರಿದಳು. ಗಂಡ ಎದೆ ಉಬ್ಬಿಸಿ, "ಯಾರ್ರಿ ನೀವು?" ಎಂದ. ವಿಡಿಯೊದವನು ಎಂದೆ. "ಓ" ಎಂದು ಬಸ್ಸು ಹತ್ತಿದರು. ನೂರಾರು ಮನೆಗಳ ನೆಂಟರೆಲ್ಲ ನನಗೆ ಪರಿಚಯ, ನಾನು ಯಾರಿಗೂ ಅಲ್ಲ. ಮದುವೆಯ ಊಟದಲ್ಲೂ ನಮ್ಮ ಪಾಳಿ ಕೊನೆಗೆ, ಬ್ಯಾಂಡಿನವರ ಜೊತೆ. ಈ ಕಸುಬಿಗೆ ಬರುವವರು ಇದಕ್ಕೆ ಮನಸ್ಸು ಗಟ್ಟಿ ಮಾಡಿಕೊಳ್ಳಬೇಕು.

ಇನ್ನು ನಾನು ಹೇಳಬೇಕಾದದ್ದು ಮದುವೆಯದಲ್ಲ.

ನನ್ನನ್ನು ಬೆಳೆಸಿದ್ದು ನನ್ನ ಅಕ್ಕ ಹೌಸಾಬಾಯಿ. ಊರೆಲ್ಲ ಹೌಸಕ್ಕ ಎನ್ನುತ್ತದೆ. ಅವ್ವ ನಮ್ಮೂರು ಅಂಕಲಿಯಲ್ಲಿ ತೀರಿಕೊಂಡ ಮೇಲೆ ಅಕ್ಕ ನನ್ನನ್ನು ಕಂಕುಳಲ್ಲಿ ಇಟ್ಟುಕೊಂಡು ನಿಪ್ಪಾಣಿಗೆ ಬಂದು ವಖಾರಿಯ ಕೆಲಸಕ್ಕೆ ಸೇರಿದಳು. ವಖಾರಿ ಎಂದರೆ ತಂಬಾಕಿನ ಗೋದಾಮು. ಹೆಂಗಸರು ಸಾಲಾಗಿ ಕೂತು, ಮೂಗಿಗೆ ಸೆರಗು ಕಟ್ಟಿಕೊಂಡು ತಂಬಾಕು ಸಾಣಿಸುತ್ತಿದ್ದರು. ಸಂಜೆ ಅಕ್ಕ ಎಷ್ಟು ಉಜ್ಜಿ ತೊಳೆದರೂ ಅವಳ ಕೈಯ ತಂಬಾಕು ಹೋಗುತ್ತಿರಲಿಲ್ಲ. ಅವಳು ತಿನ್ನಿಸಿದ ತುತ್ತು ಕಹಿ. ರೊಟ್ಟಿ ಕಹಿ, ಹಾಲು ಅನ್ನ ಕಹಿ, ಹಬ್ಬದ ಹೋಳಿಗೆಯೂ ಒಂಚೂರು ಕಹಿ. ಊಟ ಎಂದರೆ ಹಾಗೇ ಇರುತ್ತದೆ ಎಂದುಕೊಂಡೇ ನಾನು ದೊಡ್ಡವನಾದೆ.

ನಾನು ಗೌಸ್‌ಮಾಮಾನ ಹತ್ತಿರ ಸೇರಿದ ಮೇಲೆ ವಖಾರಿಯ ಹೆಂಗಸರು ಸಂಪು ಹೂಡಿದರು. ಕೂಲಿ ಹೆಚ್ಚಾಗಬೇಕು, ಗುರುತಿನ ಚೀಟಿ ಬೇಕು, ಕೂಸುಗಳನ್ನು ಮಲಗಿಸಲು ನೆರಳು ಬೇಕು. ಅವರಿಗೆ ಮುಂದಾಳು ಬಾಳಣ್ಣ. ಅಕ್ಕನಿಗಿಂತ ಚಿಕ್ಕವನು, ತೆಳ್ಳಗೆ ಕಡ್ಡಿಯಂತಿದ್ದ. ಆದರೆ ಮೈಕ್ ಹಿಡಿದರೆ ಒಂದು ವಾಕ್ಯ ಕನ್ನಡ, ಒಂದು ವಾಕ್ಯ ಮರಾಠಿ, ಕೇಳಿದವರ ಮೈ ಜುಂ ಎನ್ನುತ್ತಿತ್ತು. "ಇದು ಸಂಪ ಅಲ್ಲವ್ವಾ, ಕ್ರಾಂತಿ!" ಎನ್ನುತ್ತಿದ್ದ. ಗೌಸ್‌ಮಾಮಾ ಕ್ಯಾಮೆರಾವನ್ನು ನನ್ನ ಕೈಗೆ ಕೊಟ್ಟು, "ಹೋಗು, ನಿಮ್ಮಕ್ಕನ ಕ್ರಾಂತಿ ಹಿಡಕೊಂಡು ಬಾ" ಎಂದರು. ಹೆಂಗಸರು ವಖಾರಿಯ ಬಾಗಿಲ ಮುಂದೆ, ಒಳಗೆ ಕೆಲಸಕ್ಕೆ ಹೇಗೆ ಕೂಡುತ್ತಿದ್ದರೋ ಹಾಗೇ ಸಾಲಾಗಿ ಕೂತರು. ಯಾರ ಬಗಲಿಗೆ ಯಾರು ಎಂಬುದೂ ಬದಲಾಗಲಿಲ್ಲ. ಸಾಲಿನ ತುದಿಗೆ ಅಕ್ಕ, ಅವಳ ಬಲಗಡೆ ನನಗೊಂದು ಜಾಗ. ಕ್ಯಾಮೆರಾ ಇಳಿಸಿದಾಗೆಲ್ಲ ನಾನು ಅಲ್ಲಿ ಹೋಗಿ ಕೂತು ಅವಳ ಕೈತುತ್ತು ತಿನ್ನುತ್ತಿದ್ದೆ. ನನ್ನ ಬದುಕಿನಲ್ಲಿ ಅಷ್ಟು ಮಂದಿಯ ನಡುವೆ ಮತ್ತೆಂದೂ ಕೂತಿಲ್ಲ.

ಗೆದ್ದರು. ಮಾಲಕ ಬಾಗಿಲಿಗೆ ಬಂದು ಕೈಮುಗಿದ. ಗುಲಾಲಿನಲ್ಲಿ ನನ್ನ ಲೆನ್ಸು ಕೆಂಪಾಯಿತು. ಆಮೇಲೆ ಹೆಂಗಸರು ತಮ್ಮದೇ ಒಂದು ಕಟ್ಟಡ ಕಟ್ಟುತ್ತೇವೆ ಎಂದರು. ಮಕ್ಕಳಿಗೆ ಕೋಣೆ, ಸಭೆಗೆ ದೊಡ್ಡ ಹಾಲ್. ಒಬ್ಬೊಬ್ಬ ಹೆಂಗಸು ತಲೆಯ ಮೇಲೆ ಒಂದೊಂದು ಇಟ್ಟಂಗಿ ಹೊತ್ತು ತಂದಳು. ಬಾಳಣ್ಣ ಮೈಕಿನಲ್ಲಿ, "ಇದು ಯಾರ ಮನಿ?" ಎನ್ನುವುದು, ಅವರೆಲ್ಲ "ನಮ್ಮ ಮನಿ!" ಎನ್ನುವುದು. ಆ ಕೂಗು ಈಗಲೂ ನನ್ನ ಕಿವಿಯಲ್ಲಿದೆ.

ಮುಂದಿನದು ನಿಧಾನವಾಗಿ ಆಯಿತು, ಹಾಲು ಹುಳಿಯಾದಂತೆ. ಸಭೆಯ ಹಾಲ್ ಖಾಲಿ ಯಾಕಿರಬೇಕು ಎಂದು ಒಂದು ಮದುವೆಗೆ ಕೊಟ್ಟರು. ಆಮೇಲೆ ಇನ್ನೊಂದಕ್ಕೆ. ಮಕ್ಕಳ ಕೋಣೆ ವಧುವಿನ ಕೋಣೆಯಾಯಿತು. ಹೊರಗೆ 'ಮಂಗಲ ಕಾರ್ಯಾಲಯ' ಎಂದು ಬೋರ್ಡು ಬಿತ್ತು. ಬಾಳಣ್ಣ ಬಿಳಿ ಪೈಜಾಮಾಕ್ಕೆ ಬಂದ, ಜೀಪಿಗೆ ಬಂದ. ಒಂದು ದಿನ ಅದೇ ವಖಾರಿಯ ಮಾಲಕನ ಮಗಳ ಮದುವೆ ಅದೇ ಹಾಲಿನಲ್ಲಿ. ಶೂಟಿಂಗು ನನ್ನದು. ಆಗಲೇ ಚಿಕ್ಕೋಡಿಯಲ್ಲಿ ಸ್ವಂತ ಸ್ಟುಡಿಯೊ ಮಾಡಿದ್ದೆ, ಬಾಳಣ್ಣನೇ ಆ ಹಾಲಿನ ಕೆಲಸವನ್ನೆಲ್ಲ ನನಗೆ ಕೊಡಿಸುತ್ತಿದ್ದ.

ಅಕ್ಕ ಮತ್ತು ನಾಲ್ಕಾರು ಹೆಂಗಸರು ಇದ್ದದ್ದರಲ್ಲೇ ಒಳ್ಳೆಯ ಸೀರೆ ಉಟ್ಟು ಬಂದರು. ತಮ್ಮ ಮನೆಯ ಮದುವೆ ಎಂದೇ ಬಂದರು. ಬಾಗಿಲಲ್ಲಿ ನಿಂತ ಆಳು, "ಹಿಂದಿನ ಬಾಗಲದಿಂದ ಬರ್ರಿ ಬೇ, ನಿಮ್ಮ ಊಟ ಅಲ್ಲೇ ಐತಿ" ಎಂದ.

"ಏನಂದಿ? ಈ ಗ್ವಾಡ್ಯಾಗ ನನ್ನ ಇಟ್ಟಂಗಿ ಐತೋ!" ಅದು ಅಕ್ಕನ ದನಿ.

ನಾನು ವೇದಿಕೆಯ ಮೇಲಿದ್ದೆ. ಬಾಳಣ್ಣ ಮಾಲಕನ ಬಗಲಲ್ಲಿ ಫೇಟಾ ಸುತ್ತಿಸಿಕೊಂಡು ನಿಂತಿದ್ದ. ಅಂತರಪಟ ಹಿಡಿದಿದ್ದರು, ಮಂಗಲಾಷ್ಟಕದ ಕೊನೆಯ ಸಾಲು ನಡೆದಿತ್ತು. ಅಕ್ಕ ಬಾಗಿಲಿನಿಂದ, "ಬಾಳಣ್ಣಾ!" ಎಂದು ಕೂಗಿದಳು. ಅವನು ತಿರುಗಲಿಲ್ಲ. "ದತ್ತ್ಯಾ!" ಎಂದು ಕೂಗಿದಳು. ನಾನೂ ತಿರುಗಲಿಲ್ಲ.

ಇದಕ್ಕೆ ನನ್ನನ್ನು ಬಯ್ಯುವವರು ಬಯ್ಯಲಿ. ಅಕ್ಷತೆ ಬೀಳುವ ಹೊತ್ತಿಗೆ ಯಾವ ಕ್ಯಾಮೆರಾದವನು ತಿರುಗುತ್ತಾನೆ? ಪಟ ಸರಿಯಿತು, ಅಕ್ಷತೆ ಬಿತ್ತು, ಶಾಟ್ ಬಂಗಾರದಂತೆ ಬಂತು. ನಾನು ಕ್ಯಾಮೆರಾ ಇಳಿಸಿ ಬಾಗಿಲಿಗೆ ಹೋದಾಗ ಅಲ್ಲಿ ಯಾರೂ ಇರಲಿಲ್ಲ.

ಆ ದೀಪಾವಳಿಗೆ, ಅಕ್ಕ ತಮ್ಮನಿಗೆ ಆರತಿ ಎತ್ತುವ ಭಾವುಬೀಜದ ದಿನ ಸೀರೆ ತೆಗೆದುಕೊಂಡು ಅಕ್ಕನ ಮನೆಗೆ ಹೋದೆ. ಪ್ರತಿವರ್ಷ ಹೊಸ್ತಿಲಲ್ಲೇ ಆರತಿ ಹಿಡಿದು ನಿಲ್ಲುವವಳು ಅಂದು ಒಳಗಿನಿಂದಲೇ, "ನಿನಗ ಆರತಿ ಹಿಡ್ಯಾಕ ಮಾಲಕರ ಹೆಣ್ಮಕ್ಕಳದಾರ. ಹೋಗು" ಎಂದಳು. ನನಗೂ ರೊಚ್ಚು ಬಂತು. ಹೊಟ್ಟೆಪಾಡಿನ ಕೆಲಸ ಮಾಡಿದ್ದಕ್ಕೆ ಇಷ್ಟು ಮಾತೇ? ಸೀರೆಯನ್ನು ಕಟ್ಟೆಯ ಮೇಲೆ ಇಟ್ಟು ಬಂದೆ. ಅದು ಮರುದಿನ ಬಸ್ ಕಂಡಕ್ಟರನ ಕೈಯಲ್ಲಿ ಚಿಕ್ಕೋಡಿಗೆ ವಾಪಸು ಬಂತು. ಅಂದಿನಿಂದ ಮಾತಿಲ್ಲ, ಕತೆಯಿಲ್ಲ.

ಆಮೇಲೆ ಕ್ಯಾಸೆಟ್ ಹೋಗಿ ಸಿ.ಡಿ. ಬಂತು, ಸಿ.ಡಿ. ಹೋಗಿ ಪೆನ್‌ಡ್ರೈವ್ ಬಂತು. ಮಿಕ್ಸಿಂಗಿನಲ್ಲಿ ಹಾರುವ ಪಾರಿವಾಳ ಹೋಗಿ ಅರಳುವ ಗುಲಾಬಿ ಬಂದು, ಅದೂ ಹೋಯಿತು. ಗೌಸ್‌ಮಾಮಾ ಹೋದರು. ನನ್ನ ಹೆಂಡತಿ ಸುಮಿತ್ರಾ ಹೋದಳು. ಮಕ್ಕಳಿಲ್ಲ. ಅವಳ ಮಣ್ಣಿಗೆ ಅಕ್ಕ ಬಂದಿದ್ದಳಂತೆ, ಹೆಂಗಸರ ನಡುವೆ ನಿಂತು ಹೋದಳಂತೆ. ನನಗೆ ಯಾರೋ ಆಮೇಲೆ ಹೇಳಿದರು. ಮೊಣಕಾಲು ಕೈಕೊಟ್ಟ ಮೇಲೆ ಸ್ಟುಡಿಯೊ ಮುಚ್ಚಿದೆ. ಸಂಜೆ ಹೊತ್ತು ಮನೆಯಲ್ಲಿ ಟಿ.ವಿ. ಹಚ್ಚಿ ಯಾರದೋ ಹಳೆಯ ಮದುವೆ ನೋಡುತ್ತಾ ಕೂಡುತ್ತೇನೆ. ಮಂದಿಯ ಗದ್ದಲ ಕೇಳಿಸಿದರೆ ಊಟ ಸೇರುತ್ತದೆ. ಹುಚ್ಚು ಎನ್ನಿ ಬೇಕಾದರೆ.

ಎರಡು ವರ್ಷದ ಹಿಂದೆ ಒಂದು ಮುಂಜಾನೆ ಬಾಗಿಲಲ್ಲಿ ಒಬ್ಬ ಮುದುಕ ನಿಂತಿದ್ದ. ಗುರುತು ಹತ್ತಲು ಹೊತ್ತು ಹಿಡಿಯಿತು. ಬಾಳಣ್ಣ. ಜೀಪಿಲ್ಲ, ಬಸ್ಸಿನಲ್ಲಿ ಬಂದಿದ್ದ. ಹಾಲನ್ನು ನಡೆಸುವ ಸಮಿತಿಯ ಚುನಾವಣೆಯಲ್ಲಿ ಇನ್ನೊಂದು ಪ್ಯಾನೆಲ್ ಗೆದ್ದು ಇವನನ್ನು ಹೊರಗೆ ಹಾಕಿತ್ತು. ಗೋಡೆಯ ಮೇಲಿನ ಫೋಟೊವನ್ನೂ ಇಳಿಸಿದ್ದರು.

ಚಹಾ ಕುಡಿಯುತ್ತಾ ಹೇಳಿದ, "ಮೊನ್ನೆ ಒಂದು ಮದುವಿಗಿ ಹೋಗಿದ್ನೋ ದತ್ತು. ಬಾಗಲದಾಗಿನ ಹುಡುಗ, ಯಾರ್ರಿ ನೀವು ಅಂದ."

"ಹಿಂದಿನ ಬಾಗಲದಿಂದ ಹೋಗಬೇಕಾಗಿತ್ತು" ಎಂದೆ. ನನ್ನ ನಾಲಿಗೆಯೇ ಹಾಗೆ.

ಅವನು ಸಿಟ್ಟಾಗಲಿಲ್ಲ. "ಒಂದು ಸಿನೆಮಾ ಮಾಡೂಣು" ಎಂದ. ಕೊಲ್ಲಾಪುರದಲ್ಲಿ ಗೆಳೆಯರ ಗುಂಪೊಂದು ತೋರಿಸುವ ಚಿತ್ರಗಳನ್ನು ನೋಡಲು ಈಚೆಗೆ ಹೋಗುತ್ತಿದ್ದನಂತೆ. ಅಲ್ಲಿ ಕತೆಯಿಲ್ಲದ, ಹಾಡಿಲ್ಲದ ಸಣ್ಣ ಚಿತ್ರಗಳನ್ನು ತೋರಿಸುತ್ತಾರಂತೆ. ಪ್ರಾಯೋಗಿಕ ಕಿರುಚಿತ್ರ ಎನ್ನುತ್ತಾರಂತೆ. "ಕ್ರಾಂತಿ ಆದಮ್ಯಾಲೆ ಏನಾತು ಅನ್ನೂದು ನನ್ನ ಸಿನೆಮಾ."

"ಕತಿ ಏನ?"

"ಕತಿ ಇಲ್ಲ. ಹಳೇ ವಖಾರ್ಯಾಗ ಮೈಕ್ ಇಡೂದು. ಅದರ ಮುಂದ ನಾ ಸುಮ್ಮನ ನಿಂದರೂದು. ಕಡೀತನಕ ಒಂದು ಮಾತೂ ಆಡಂಗಿಲ್ಲ."

"ಅದಕ್ಕ ಸಿನೆಮಾ ಅನ್ನಂಗಿಲ್ಲ ಬಾಳಣ್ಣ, ಕರೆಂಟ್ ಹೋಗ್ಯಾವು ಅಂತಾರ."

ಅವನು ನಕ್ಕ. ನಗುತ್ತಲೇ ಅವನ ಕಣ್ಣು ತುಂಬಿ ಬಂದವು. ಆ ಹೆಂಗಸರ ಎದುರಿಗೆ ಕ್ಷಮೆ ಕೇಳಲು ತನಗೆ ಮಾತು ಬರುವುದಿಲ್ಲ, ಮಾತಿನಿಂದಲೇ ಅವರನ್ನು ಮುಳುಗಿಸಿದವನು ತಾನು, ಅದಕ್ಕೇ ಸುಮ್ಮನೆ ನಿಲ್ಲುತ್ತೇನೆ ಎಂದ. ಇನ್ನೂ ಬದುಕಿದ್ದವರನ್ನೆಲ್ಲ ಕರೆದಿದ್ದನಂತೆ. ನಾನು ಒಂದೇ ಮಾತು ಕೇಳಿದೆ: "ಅಕ್ಕ ಬರತಾಳೇನು?"

"ಹೇಳಿ ಕಳಸೇನಿ. ಬರತೇನಿ ಅಂದಿಲ್ಲ, ಬರಂಗಿಲ್ಲ ಅಂತೂ ಅಂದಿಲ್ಲ."

ನಾನು ಒಪ್ಪಿದ್ದು ಅಷ್ಟಕ್ಕೇ. ಕ್ರಾಂತಿಗೂ ಅಲ್ಲ, ಸಿನೆಮಾಕ್ಕೂ ಅಲ್ಲ. ಅಕ್ಕನನ್ನು ಒಂದು ಸಲ ಹತ್ತಿರದಿಂದ ನೋಡಬೇಕಾಗಿತ್ತು.

ವಖಾರಿ ಮುಚ್ಚಿ ಎಷ್ಟೋ ವರ್ಷವಾಗಿತ್ತು. ಹೆಂಚು ಅಲ್ಲಲ್ಲಿ ಉದುರಿ ನೆಲದ ಮೇಲೆ ಬಿಸಿಲು ಬಿದ್ದಿತ್ತು. ಆದರೂ ಒಳಗೆ ಕಾಲಿಟ್ಟದ್ದೇ ಮೂಗಿಗೆ ತಂಬಾಕು ಏರಿ ನಾನು ಸೀನತೊಡಗಿದೆ. ಕೆಲವೇ ಹೆಂಗಸರು ಬಂದಿದ್ದರು, ಎಲ್ಲರಿಗೂ ತಲೆ ಬೆಳ್ಳಗಾಗಿತ್ತು. ನನ್ನ ಹಿಂದೆ ಗೋಣಿ ಹಾಸಿಕೊಂಡು ಕೂತರು. ಅವರಲ್ಲಿ ಅಕ್ಕ ಇರಲಿಲ್ಲ. ಬಾಳಣ್ಣ ಹಳೆಯ ಮೈಕಿನ ಮುಂದೆ ನಿಂತ. ನಾನು ಕ್ಯಾಮೆರಾ ಸುರು ಮಾಡಿದೆ.

ಸುಮ್ಮನೆ ನಿಂತವನ ಮುಖ ಶೂಟ್ ಮಾಡುವುದು ಸಸಾರವಲ್ಲ ಹುಡುಗರೇ. ಮೊದಮೊದಲು ಅವನು ಭಾಷಣಕ್ಕೆ ನಿಂತವನ ಹಾಗೆ ಎದೆಯೆತ್ತಿ ನಿಂತಿದ್ದ. ಬರಬರುತ್ತ ಮುಖ ಸಡಿಲಾಯಿತು, ತುಟಿ ನಡುಗಿತು. ಚೆನ್ನಾಗಿ ಬರುತ್ತಿದೆ ಎಂದುಕೊಂಡೆ. ಆಗ ಹಿಂದಿನಿಂದ ಮಾತು ಬಂತು.

"ಬಾಳಣ್ಣ, ಏನಿದು ನಾಟಕ?"

ಅಕ್ಕ. ಸಂತೆಯ ಚೀಲ ಹಿಡಿದು ಬಾಗಿಲಲ್ಲಿ ನಿಂತಿದ್ದಳು. ಬೆನ್ನು ಬಾಗಿತ್ತು, ದನಿ ಬಾಗಿರಲಿಲ್ಲ.

"ಆವಾಗ ನೀ ಮಾತಾಡಿದಿ, ನಾವು ನಿನ್ನ ಮಾರಿ ನೋಡಿಕೋತ ಕುಂತ್ವಿ. ಈಗ ನೀ ಸುಮ್ಮನದೀ, ಮತ್ತ ನಿನ್ನ ಮಾರೀನ ನೋಡಬೇಕೇನು? ನಿನ್ನ ಗೆಲುವೂ ನಾವು ನೋಡಬೇಕು, ನಿನ್ನ ಅಳೂನೂ ನಾವು ನೋಡಬೇಕು. ನಮ್ಮನ್ನ ಯಾವಾಗ ನೋಡಾಂವ?"

ಬಾಳಣ್ಣ ಹೊಡೆತ ತಿಂದವನ ಹಾಗೆ ನಿಂತ. ಆಮೇಲೆ ಮೈಕಿನ ಸ್ಟ್ಯಾಂಡನ್ನು ಎತ್ತಿಕೊಂಡು ಬಂದು ಹೆಂಗಸರ ಮುಂದೆ ಇಟ್ಟ. ನನಗೆ ಹೇಳಿದ, "ದತ್ತು, ಕ್ಯಾಮೆರಾ ಹೊಳ್ಳಸು." ತಾನು ಹೋಗಿ ಗೋಡೆಯ ಮೂಲೆಯಲ್ಲಿ, ಕ್ಯಾಮೆರಾಕ್ಕೆ ಕಾಣದ ಕಡೆ ಕೂತ.

ನಾನು ಕ್ಯಾಮೆರಾ ತಿರುಗಿಸಿದೆ. ಹೆಂಗಸರು ಒಬ್ಬರ ಮುಖ ಒಬ್ಬರು ನೋಡಿದರು. ಆಮೇಲೆ ಯಾರೂ ಹೇಳದೆ ಎದ್ದು, ಕೆಲಸಕ್ಕೆ ಕೂಡುತ್ತಿದ್ದ ತಮ್ಮ ತಮ್ಮ ಜಾಗ ಹುಡುಕಿಕೊಂಡು ಕೂತರು. ಒಬ್ಬಳು ಇಲ್ಲಿ, ಒಬ್ಬಳು ಅಲ್ಲಿ. ನಡುವೆ ಸತ್ತವರ ಜಾಗ, ಊರು ಬಿಟ್ಟವರ ಜಾಗ, ಜಗಳಾಡಿ ಬಾರದವರ ಜಾಗ ಹಾಗೆಯೇ ಖಾಲಿ. ಯಾರೂ ಹತ್ತಿರ ಸರಿಯಲಿಲ್ಲ. ಉದುರಿದ ಹೆಂಚಿನ ಬಿಸಿಲು ಆ ಖಾಲಿ ಜಾಗಗಳ ಮೇಲೆ ಬಿದ್ದಿತ್ತು. ನನ್ನ ಇಡೀ ಬದುಕಿನಲ್ಲಿ ಅಂಥ ಫ್ರೇಮು ನನಗೆ ಸಿಕ್ಕಿರಲಿಲ್ಲ.

ಅಕ್ಕ ಕೊನೆಗೆ ಬಂದು ಸಾಲಿನ ತುದಿಗೆ, ತನ್ನ ಜಾಗದಲ್ಲಿ ಕೂತಳು. ಚೀಲವನ್ನು ತೊಡೆಯ ಮೇಲೆ ಇಟ್ಟುಕೊಂಡಳು. ಪಾರಿವಾಳ ರೆಕ್ಕೆ ಬಡಿದ ಸದ್ದು, ಹೊರಗೆ ಟ್ರ್ಯಾಕ್ಟರಿನ ಸದ್ದು. ಆಮೇಲೆ ಅಕ್ಕ ನೇರ ಕ್ಯಾಮೆರಾದ ಕಡೆ ನೋಡಿದಳು. ಕ್ಯಾಮೆರಾ ಅಲ್ಲ, ನನ್ನ ಕಡೆ. ಬಲಗೈಯಿಂದ ಬಗಲಿನ ನೆಲ ತಟ್ಟಿದಳು.

"ಬಾ ಇಲ್ಲಿ. ಕುಂಡರು."

ಹೋಗಬೇಕೆನಿಸಿತು. ಆದರೆ ಶಾಟ್ ನಡೆದಿತ್ತು. ಅಂಥ ಶಾಟು! ಒಂದು ಕೈ ಎತ್ತಿ, ತಡೆ ಎಂದು ಸನ್ನೆ ಮಾಡಿದೆ. ಮಾತಾಡಿದರೆ ದನಿ ಸೇರುತ್ತದೆ ಎಂದು ಮಾತೂ ಆಡಲಿಲ್ಲ. ಅವಳು ಇನ್ನೊಂದಿಷ್ಟು ಹೊತ್ತು ನೋಡಿದಳು. ಆಮೇಲೆ ಕೈ ತೆಗೆದು ಚೀಲದ ಮೇಲೆ ಇಟ್ಟುಕೊಂಡಳು. ನಾನು ಕ್ಯಾಮೆರಾ ಬಂದ್ ಮಾಡಿ, ಮೊಣಕಾಲು ಎಳೆದುಕೊಂಡು ಹೋಗುವಷ್ಟರಲ್ಲಿ ಅವಳು ಎದ್ದು ಬಾಗಿಲು ದಾಟಿದ್ದಳು. "ಅಕ್ಕಾ" ಎಂದು ಕೂಗಿದೆ. ಈ ಸಲ ತಿರುಗದೇ ಹೋದವಳು ಅವಳು.

ಮಿಕ್ಸಿಂಗ್ ಮನೆಯಲ್ಲೇ ಮಾಡಿದೆ. ದಿನಾ ಕೂತು ನೋಡಿದೆ, ದಿನಾ ಅವಳು ಕರೆದಳು, ದಿನಾ ನಾನು ಹೋಗಲಿಲ್ಲ. ಆ ಮಾತು ಕತ್ತರಿಸುತ್ತೇನೆ ಎಂದು ಬಾಳಣ್ಣನಿಗೆ ಹೇಳಿದೆ. "ಅದು ನಿನ್ನ ಸಿನೆಮಾಕ್ಕ ಹೇಳಿದ್ದಲ್ಲ, ನನಗ ಹೇಳಿದ್ದು."

"ಕತ್ತರಸಬ್ಯಾಡೋ," ಎಂದ ಬಾಳಣ್ಣ. "ನನ್ನ ಮಾರಿ ಪೂರಾ ತಗದು ಒಗಿ. ಅಕೀ ಮಾತು ಇರಲಿ. ಆ ವಖಾರ್ಯಾಗ ಯಾರರೆ ಯಾರನ್ನರೆ ಕರದಾರು ಅಂದ್ರ ಅದೊಂದ ಮಾತು."

ಅವನ ಮುಖ ತೆಗೆದೆ, ಅಕ್ಕನ ಮಾತು ಉಳಿಸಿದೆ. ಚಿತ್ರಕ್ಕೆ 'ಯಾರ ಮನಿ' ಎಂದು ಬಾಳಣ್ಣನೇ ಹೆಸರಿಟ್ಟ.

ತೋರಿಸಿದ್ದು ಆಷಾಢದಲ್ಲಿ, ಅದೇ ಮಂಗಲ ಕಾರ್ಯಾಲಯದಲ್ಲಿ. ಮದುವೆ ಇಲ್ಲದ ತಿಂಗಳು, ಹಾಲ್ ಖಾಲಿ ಇತ್ತು, ಹೊಸ ಸಮಿತಿಯವರು ಒಂದು ಮಧ್ಯಾಹ್ನ ಬಿಟ್ಟುಕೊಟ್ಟರು. ಕಿಟಕಿಗಳಿಗೆ ಮದುವೆಯ ಪಡದೆ ಇಳಿಸಿ ಕತ್ತಲು ಮಾಡಿದೆವು. ಕೊಲ್ಲಾಪುರದ ಗೆಳೆಯರು, ಒಬ್ಬ ಪ್ರಾಧ್ಯಾಪಕರು, ನಾಲ್ಕಾರು ಕಾಲೇಜು ಹುಡುಗರು. ನಾನು ಹಿಂದೆ ಮೇಜಿನ ಮೇಲೆ ಲ್ಯಾಪ್‌ಟಾಪು, ಪ್ರೊಜೆಕ್ಟರು ಇಟ್ಟುಕೊಂಡು ನಿಂತಿದ್ದೆ. ಹಳೆಯ ಲ್ಯಾಪ್‌ಟಾಪು. ಆಗಾಗ ಗುಂಡಿ ಒತ್ತದಿದ್ದರೆ ನಿದ್ದೆ ಹೋಗುವ ಚಾಳಿ ಅದಕ್ಕೆ.

ವಖಾರಿಯ ಹೆಂಗಸರು ಬಂದರು. ಮುಂದಿನ ಬಾಗಿಲಿನಿಂದಲೇ ಬಂದರು. ಬಾಳಣ್ಣ ತಾನೇ ಬಾಗಿಲಲ್ಲಿ ನಿಂತು ಒಬ್ಬೊಬ್ಬರಿಗೂ ಕೈಮುಗಿಯುತ್ತಿದ್ದ. ಅಕ್ಕ ಕೊನೆಗೆ ಬಂದಳು. ಅವನ ಕಡೆ ನೋಡಿ, "ಸಾಕ್ ಬಿಡು, ಕೈ ನೊಂದಾವು" ಎಂದಳು. ಒಳಗೆ ಬಂದು ಗೋಡೆಗೆ ಒಮ್ಮೆ ಅಂಗೈ ಹಚ್ಚಿ ನೋಡಿದಳು. ಆಮೇಲೆ ನಡುವಿನ ಸಾಲಿನ ತುದಿಯ ಎರಡು ಕುರ್ಚಿಗಳಲ್ಲಿ ಒಂದರ ಮೇಲೆ ಕೂತು, ಇನ್ನೊಂದರ ಮೇಲೆ ಚೀಲ ಇಟ್ಟಳು. ನನ್ನ ಕಡೆ ನೋಡಲಿಲ್ಲ.

ಪ್ರಾಧ್ಯಾಪಕರು ಮೊದಲೇ ಚಿತ್ರ ನೋಡಿದ್ದರು. ಎದ್ದು ನಿಂತು ಮಾತಾಡಿದರು. ಕೊನೆಗೆ ಒಬ್ಬ ಅಜ್ಜಿ ಕರೆಯುವ ಕರೆಯನ್ನು ಗಮನಿಸಬೇಕು, ಅದು ಕಳೆದುಹೋದ ಕ್ರಾಂತಿ ಜನತೆಯನ್ನು ಮತ್ತೆ ಕರೆಯುವ ಕರೆ, ಆ ಖಾಲಿ ಜಾಗ ಇತಿಹಾಸದ್ದು ಎಂದೆಲ್ಲ ಹೇಳಿದರು. ಒಳ್ಳೆಯ ಮನುಷ್ಯ, ಚೆನ್ನಾಗಿಯೇ ಹೇಳಿದರು. ಅಕ್ಕ ಬಗಲಿನವಳಿಗೆ, "ಯಾವ ಮುದುಕಿ ಬೇ?" ಎಂದು ಕೇಳಿದ್ದು ನನಗೆ ಕೇಳಿಸಿತು.

ಚಿತ್ರ ಸುರುವಾಯಿತು. ವಖಾರಿ, ಬಿಸಿಲು, ಸಾಲು, ಖಾಲಿ ಜಾಗಗಳು. ಹಾಲಿನಲ್ಲಿದ್ದ ಹೆಂಗಸರು ಸತ್ತವರ ಹೆಸರುಗಳನ್ನು ಮೆಲ್ಲಗೆ ಹೇಳತೊಡಗಿದರು. ಒಂದೊಂದು ಜಾಗಕ್ಕೂ ಒಂದೊಂದು ಹೆಸರು. ಮುಂದಿನ ಸಾಲಿನವರು ತಿರುಗಿ ನೋಡಿ ಸುಮ್ಮನಾದರು. ನಾನು ಲ್ಯಾಪ್‌ಟಾಪಿನ ಮೇಲೆ ಕಣ್ಣಿಟ್ಟು ನಿಂತಿದ್ದೆ. ಕೊನೆಯ ಭಾಗ ಬಂತು. ಪರದೆಯ ಮೇಲೆ ಅಕ್ಕ ನೆಲ ತಟ್ಟಿದಳು.

"ಬಾ ಇಲ್ಲಿ. ಕುಂಡರು."

ಅದೇ ಹೊತ್ತಿಗೆ ಕುರ್ಚಿಯಲ್ಲಿದ್ದ ಅಕ್ಕ, ತಲೆ ಎತ್ತದೆ, ಬಗಲಿನ ಕುರ್ಚಿಯ ಮೇಲಿದ್ದ ಚೀಲ ತೆಗೆದು ತೊಡೆಯ ಮೇಲೆ ಇಟ್ಟುಕೊಂಡಳು.

ನಾನು ನೋಡಿದೆ. ಚಿತ್ರ ಓಡುತ್ತಿತ್ತು. ಗುಂಡಿ ಒತ್ತಬೇಕಾದ ಹೊತ್ತಾಗಿತ್ತು. ಗೌಸ್‌ಮಾಮಾ ನೆನಪಾದರು. ಮಾಮಾ, ಹೊಟ್ಟೆಗೆ ಹಾಕಿಕೊಳ್ಳಿ ಎಂದು ಮನಸ್ಸಿನಲ್ಲೇ ಅಂದು, ಮೇಜು ಬಿಟ್ಟು ನಡೆದೆ. ಕುರ್ಚಿಗಳ ನಡುವೆ ಮೊಣಕಾಲು ತಾಗಿಸಿಕೊಂಡು ಹೋಗುವಾಗ ಹಿಂದಿನಿಂದ ಯಾರೋ, "ಏ ಕಾಕಾ, ಕಾಣವಲ್ದು" ಎಂದು ಕೂಗಿದರು. ಹೋಗಿ ಅಕ್ಕನ ಬಲಗಡೆ ಕೂತೆ.

ಅವಳು ನನ್ನ ಕಡೆ ತಿರುಗಲಿಲ್ಲ. "ಎಷ್ಟ್ ಹೊತ್ತೋ ಬರಾಕ" ಎಂದಳು.

ಅಷ್ಟರಲ್ಲಿ ಪರದೆ ಕಪ್ಪಾಯಿತು. ಲ್ಯಾಪ್‌ಟಾಪು ನಿದ್ದೆ ಹೋಗಿತ್ತು. ಗುಜುಗುಜು ಎದ್ದಿತು. ಬಾಗಿಲ ಕಡೆಯಿಂದ ಬಾಳಣ್ಣ, "ದತ್ತೂ, ಸಿನೆಮಾ ನಿಂತೈತಿ ನೋಡೋ!" ಎಂದ. ಏಳಲು ಹೋದೆ. ಅಕ್ಕ ನನ್ನ ಮಣಿಕಟ್ಟು ಹಿಡಿದಳು.

"ನಿಂದರ್ಲಿ ಬಿಡು."

ಕತ್ತಲಲ್ಲಿ ಚೀಲಕ್ಕೆ ಕೈ ಹಾಕಿ, ಬಟ್ಟೆಯಲ್ಲಿ ಸುತ್ತಿದ್ದ ಶೇಂಗಾ ಹೋಳಿಗೆ ಮುರಿದು ನನ್ನ ಬಾಯಿಗೇ ಇಟ್ಟಳು, ನಾನಿನ್ನೂ ಕೂಸು ಎನ್ನುವ ಹಾಗೆ. ವಖಾರಿ ಮುಚ್ಚಿ ಅಷ್ಟು ವರ್ಷವಾಗಿತ್ತಲ್ಲ. ಹೋಳಿಗೆ ಬರೀ ಸಿಹಿ ಇತ್ತು. ಒಂದಿಷ್ಟೂ ಕಹಿ ಇರಲಿಲ್ಲ. ನನಗೆ ಅಳು ತಡೆಯಲಾಗಲಿಲ್ಲ.